ಕಪ್ಪು ಕಲ್ಲಿನ ಚಿನ್ನ

ಕಬ್ಬಿಣವನ್ನು ಮುಟ್ಟಿದ ಮಾತ್ರಕ್ಕೆ ಹೊನ್ನಾಗಿಸುವ ಪರುಷದ ಕಲ್ಲಿನ ಕಥೆಯನ್ನು ಕೇಳದ ಕನ್ನಡಿಗರು ವಿರಳ. ಆ ಕಲ್ಲನ್ನು ಕಂಡವರಂತೂ ಯಾರೂ ಇಲ್ಲ. ಆದರೆ ಕಣ್ಣಿಗೆ ಕಾಣುವಂಥ, ತಕ್ಕಡಿಯಲ್ಲಿಟ್ಟು ತೂಗಬಹುದಾದಂಥ, ಹಡಗಿನಲ್ಲಿ ಹೇರಿ ತಂದು ಕೋಟೆಯೊಳಗೆ ಬೀಗ ಹಾಕಿ ಇಡಬಹುದಾದಂಥ ಒಂದು ಪರುಷವು ಕ್ರಿ.ಶ. 1577ರಿಂದ ಕೆಲವು ವರ್ಷಗಳ ಕಾಲ ಇಂಗ್ಲೆಂಡ್ ದೇಶದಲ್ಲಿತ್ತು. ಅದರಲ್ಲಿ ಚಿನ್ನವಿರಲಿಲ್ಲ. ಆದರೂ ಅದು ರಾಣಿಯನ್ನು ಪಾಲುದಾರಳನ್ನಾಗಿಸಿತು, ಪ್ರತಿಷ್ಠಿತ ವರ್ತಕನೊಬ್ಬನನ್ನು ಸೆರೆಮನೆಗೆ ಕಳುಹಿಸಿತು, ಸಾವಿರಾರು ಮೈಲಿ ದೂರದ ಹಿಮಪ್ರದೇಶದಲ್ಲಿ ತಮ್ಮಷ್ಟಕ್ಕೆ ತಾವು ಬದುಕಿದ್ದ ಜನರ ಪ್ರಾಣಕ್ಕೆ ಎರವಾಯಿತು. ಆ ಕಲ್ಲಿನ ಚರಿತ್ರೆಯನ್ನು ಅದರ ಲೆಕ್ಕಪತ್ರಗಳ ಸಹಿತ ತಿಳಿಯಲು ಸಾಧ್ಯವಿರುವುದು ಅಂದಿನ ವರ್ತಕರು ಬರೆದಿಟ್ಟ ಖರ್ಚುವೆಚ್ಚದ ಪುಸ್ತಕಗಳು ಇಂದಿಗೂ ಉಳಿದಿರುವುದರಿಂದ.

ಈ ಉದ್ಯಮದ ಮೂಲೋದ್ದೇಶ ಚಿನ್ನವಲ್ಲ. ಚೀನ ದೇಶಕ್ಕೆ, ಅಂದಿನವರ ಮಾತಿನಲ್ಲಿ ಕ್ಯಾಥೇಗೆ, ಉತ್ತರ ಅಮೆರಿಕದ ಮೇಲ್ಭಾಗದಿಂದ ಒಂದು ಜಲಮಾರ್ಗವಿರಬೇಕೆಂಬ ನಂಬಿಕೆ ಆ ಕಾಲದ ವಿದ್ವಾಂಸರಲ್ಲಿ ಬಲವಾಗಿತ್ತು. ದಕ್ಷಿಣದ ದಾರಿಗಳು ಪೋರ್ಚುಗೀಸರ ಮತ್ತು ಸ್ಪೇನಿನವರ ಹಿಡಿತದಲ್ಲಿದ್ದವು. ಮಾರ್ಟಿನ್ ಫ್ರಾಬಿಷರ್ ಎಂಬ ನಾವಿಕನು ಆ ಜಲಮಾರ್ಗವನ್ನು ಹುಡುಕಲು ಮುಂದಾದನು. ಅವನಿಗೆ ಧೈರ್ಯವಿತ್ತು, ಹಣವಿರಲಿಲ್ಲ. ಹಿಂದೆ ಕಡಲುಗಳ್ಳತನದ ಆಪಾದನೆಯೂ ಅವನ ಮೇಲಿತ್ತು. ಹಣವನ್ನು ಒದಗಿಸಿದವನು ಮೈಕೆಲ್ ಲಾಕ್. ಇವನು ಲಂಡನ್ನಿನ ಬೆಲೆಬಾಳುವ ಬಟ್ಟೆಗಳ ವರ್ತಕ ಮನೆತನದವನು; ತಂದೆ ಎಂಟನೆಯ ಹೆನ್ರಿಯ ಅರಮನೆಗೆ ರೇಷ್ಮೆ ಜವಳಿಯನ್ನು ಒದಗಿಸುತ್ತಿದ್ದವನು. ರಷ್ಯದೊಡನೆ ವ್ಯಾಪಾರ ಮಾಡುತ್ತಿದ್ದ ಮಸ್ಕೊವಿ ಕಂಪೆನಿಯ ಲಂಡನ್ ಪ್ರತಿನಿಧಿಯಾಗಿದ್ದ ಲಾಕ್ ಹಲವು ಭಾಷೆಗಳನ್ನು ಬಲ್ಲವನು, ಭೂಪಟಗಳನ್ನೂ ಪ್ರವಾಸಗ್ರಂಥಗಳನ್ನೂ ಆಸ್ಥೆಯಿಂದ ಸಂಗ್ರಹಿಸಿದವನು. ಅವನನ್ನು ಮೂಢನೆಂದಾಗಲಿ ಲಫಂಗನೆಂದಾಗಲಿ ಕರೆಯುವುದು ಚರಿತ್ರೆಗೆ ಅಪಚಾರ.

1576ರ ಜೂನ್ ತಿಂಗಳಲ್ಲಿ ಗೇಬ್ರಿಯಲ್ ಮತ್ತು ಮೈಕೆಲ್ ಎಂಬ ಎರಡು ಚಿಕ್ಕ ಹಡಗುಗಳೂ ಒಂದು ದೊಡ್ಡ ದೋಣಿಯೂ ಥೇಮ್ಸ್ ನದಿಯಿಂದ ಹೊರಟವು. ಈ ಮೊದಲ ಯಾನಕ್ಕೆ ತಗುಲಿದ ವೆಚ್ಚ ಸುಮಾರು 1,600 ಪೌಂಡು; ಪಾಲುದಾರರಿಂದ ಬಂದದ್ದು 875 ಪೌಂಡು ಮಾತ್ರ. ಉಳಿದುದನ್ನು ಲಾಕ್ ತನ್ನ ಕೈಯಿಂದಲೇ ತುಂಬಿದನು. ವ್ಯಾಪಾರದ ಅನುಭವವಿರುವ ಓದುಗರು ಈ ಅಂಕಿಗಳ ಬಳಿ ಒಂದು ಕ್ಷಣ ನಿಲ್ಲುವುದು ಒಳ್ಳೆಯದು. ಆರಂಭದಲ್ಲಿಯೇ ತನ್ನ ಶಕ್ತಿಗೆ ಮೀರಿ ಹಣ ತೊಡಗಿಸಿದವನಿಗೆ ಮುಂದೆ ಯಾವ ಸುದ್ದಿ ಬಂದರೂ ಅದನ್ನು ನಿರ್ಲಿಪ್ತನಾಗಿ ತೂಗುವುದು ಸಾಧ್ಯವಾಗುವುದಿಲ್ಲ.

ದಾರಿಯಲ್ಲಿ ದೋಣಿ ಬಿರುಗಾಳಿಗೆ ಸಿಕ್ಕಿ ಜನಸಹಿತ ಮುಳುಗಿತು. ಮೈಕೆಲ್ ಎಂಬ ಹಡಗು ಹಿಮಗಡ್ಡೆಗಳಿಗೆ ಹೆದರಿ ಹಿಂದಿರುಗಿತು. ಹದಿನೆಂಟು ಮಂದಿಯೊಡನೆ ಗೇಬ್ರಿಯಲ್ ಮಾತ್ರ ಮುಂದುವರಿದು, ಇಂದು ಕೆನಡ ದೇಶಕ್ಕೆ ಸೇರಿರುವ ಬ್ಯಾಫಿನ್ ದ್ವೀಪದ ಒಂದು ಉದ್ದನೆಯ ಕೊಲ್ಲಿಯನ್ನು ಹೊಕ್ಕಿತು. ಫ್ರಾಬಿಷರ್ ಅದನ್ನೇ ಏಷ್ಯಕ್ಕೆ ಹೋಗುವ ಜಲಸಂಧಿಯೆಂದು ಭಾವಿಸಿದನು. ಅಲ್ಲಿ ವಾಸವಾಗಿದ್ದ ಇನುಯಿಟ್ ಜನರೊಡನೆ ಮೊದಲಲ್ಲಿ ಕೊಡುಕೊಳ್ಳುವಿಕೆ ನಡೆಯಿತು. ಬಳಿಕ ಹಡಗಿನ ಐವರು ಸಣ್ಣ ದೋಣಿಯಲ್ಲಿ ದಡಕ್ಕೆ ಹೋದವರು ಮರಳಲಿಲ್ಲ. ಅವರನ್ನು ಸ್ಥಳೀಯರು ಕೊಂದರೆಂದೇ ಫ್ರಾಬಿಷರ್ ನಿಶ್ಚಯಿಸಿಕೊಂಡನು. ಗಂಟೆಯೊಂದನ್ನು ತೋರಿಸಿ ಆಸೆಹುಟ್ಟಿಸಿ, ಹತ್ತಿರ ಬಂದ ಒಬ್ಬ ಇನುಯಿಟ್ ಪುರುಷನನ್ನು ಅವನ ಚರ್ಮದ ದೋಣಿಯ ಸಮೇತ ಮೇಲಕ್ಕೆಳೆದುಕೊಂಡು ಲಂಡನ್ನಿಗೆ ತಂದನು. ಆ ಮನುಷ್ಯ ಕೆಲವೇ ದಿನಗಳಲ್ಲಿ ತೀರಿಕೊಂಡನು. ಅವನ ಚಿತ್ರ ಬರೆಸಿದ ಖರ್ಚೂ ಅವನನ್ನು ಮಣ್ಣು ಮಾಡಿದ ಖರ್ಚೂ ಕಂಪೆನಿಯ ಲೆಕ್ಕದಲ್ಲಿ ಸೇರಿವೆ.

ಹೊಸ ನಾಡಿನಲ್ಲಿ ಮೊದಲು ಸಿಕ್ಕ ವಸ್ತುವನ್ನು ತನಗೆ ಕೊಡಬೇಕೆಂದು ಲಾಕ್ ಕೇಳಿಕೊಂಡಿದ್ದನಂತೆ. ನಾವಿಕನೊಬ್ಬನು ದಡದಿಂದ ಹೆಕ್ಕಿ ತಂದಿದ್ದ, ಒಂದು ಸಣ್ಣ ರೊಟ್ಟಿಯ ಗಾತ್ರದ ಕಪ್ಪು ಕಲ್ಲನ್ನು ಫ್ರಾಬಿಷರ್ ಅವನಿಗೆ ಒಪ್ಪಿಸಿದನು. ಆ ನಾಡು ಇಂಗ್ಲೆಂಡಿನ ವಶವಾದುದಕ್ಕೆ ಅದೊಂದು ಗುರುತು, ಅಷ್ಟೇ. ಎರಡನೆಯ ಮತ್ತು ಮೂರನೆಯ ಯಾನಗಳಲ್ಲಿ ಹೋಗಿಬಂದ ಜಾರ್ಜ್ ಬೆಸ್ಟ್ ಎಂಬಾತ 1578ರಲ್ಲಿ ಅಚ್ಚು ಹಾಕಿಸಿದ ಗ್ರಂಥದಲ್ಲಿ ಕಥೆ ಬೇರೆ ಬಗೆಯಾಗಿದೆ: ಪಾಲುದಾರನೊಬ್ಬನ ಹೆಂಡತಿ ಕಲ್ಲಿನ ಚೂರನ್ನು ಬೆಂಕಿಗೆ ಹಾಕಿ, ಕಾದ ಮೇಲೆ ಹುಳಿರಸದಲ್ಲಿ ಅದ್ದಿದಾಗ ಅದು ಹೊನ್ನಿನಂತೆ ಹೊಳೆಯಿತೆಂದು ಅವನು ಬರೆದಿದ್ದಾನೆ. ಜನಕ್ಕೆ ಪ್ರಿಯವಾದದ್ದು ಈ ಕಥೆಯೇ. ಆದರೆ ಲಾಕ್ ತಾನೇ ಬರೆದಿಟ್ಟ ವಿವರ ಇದಕ್ಕಿಂತ ಶುಷ್ಕವಾದುದು, ಆದ್ದರಿಂದ ಹೆಚ್ಚು ನಂಬಲರ್ಹವಾದುದು.

ಲಾಕ್ ಕಲ್ಲಿನ ಒಂದು ಚೂರನ್ನು ಲಂಡನ್ ಗೋಪುರದ ಲೋಹಪರೀಕ್ಷಕ ವಿಲಿಯಮ್ಸ್ ಎಂಬವನಿಗೆ ಕೊಟ್ಟನು. ಅವನು ಇದು ಬರಿಯ ಮಾಕ್ಷಿಕ, ಅಂದರೆ ಹೊಳೆಯುವ ನಿಸ್ಸಾರ ಖನಿಜ ಎಂದನು. ಎರಡನೆಯ ಚೂರು ವೀಲರ್ ಎಂಬ ಚಿನ್ನ ಶೋಧಿಸುವವನಿಗೆ ಹೋಯಿತು, ಉತ್ತರ ಅದೇ. ಮೂರನೆಯದು ನೀಡಮ್ ಎಂಬವನ ಬಳಿ. ಅವನೂ ಲೋಹವೇನೂ ಇಲ್ಲವೆಂದನು. ಮೂವರು ಬಲ್ಲವರು, ಪರಸ್ಪರ ಮಾತಾಡಿಕೊಳ್ಳದೆ, ಒಂದೇ ಮಾತು ಹೇಳಿದ್ದರು. ಪೇಟೆಯಲ್ಲಿ ಬೇರೆ ಯಾವ ಸರಕಿನ ವಿಷಯದಲ್ಲಾದರೂ ಲಾಕ್ ಅಲ್ಲಿಗೆ ಬಿಟ್ಟುಬಿಡುತ್ತಿದ್ದನು. ಈ ಕಲ್ಲಿನ ಮೊದಲ ಪ್ರಭಾವ ಕಾಣಿಸಿಕೊಂಡದ್ದು ಇಲ್ಲಿ. 1577ರ ಜನವರಿಯಲ್ಲಿ ಅವನು ನಾಲ್ಕನೆಯ ಚೂರನ್ನು ಜೊವಾನ್ನಿ ಬತ್ತಿಸ್ತಾ ಆನ್ಯೆಲ್ಲೊ ಎಂಬ ವೆನಿಸ್ ನಗರದ ರಸವಾದಿಗೆ ಕೊಟ್ಟನು. ಮೂರು ದಿನಗಳಲ್ಲಿ ಆನ್ಯೆಲ್ಲೊ ತುಸು ಚಿನ್ನದ ಪುಡಿಯನ್ನು ತೋರಿಸಿದನು. ಮತ್ತೆ ಕೊಟ್ಟಾಗ ಮತ್ತೆ ಚಿನ್ನ ಬಂತು. ಬೇರೆಯವರಿಗೆ ಕಾಣದ್ದು ನಿನಗೆ ಹೇಗೆ ಕಂಡಿತು ಎಂದು ಲಾಕ್ ಕೇಳಿದಾಗ, ಪ್ರಕೃತಿಯನ್ನು ಮುಖಸ್ತುತಿಯಿಂದ ಒಲಿಸಿಕೊಳ್ಳುವ ವಿದ್ಯೆ ತಿಳಿದಿರಬೇಕೆಂಬ ಅರ್ಥದಲ್ಲಿ ಅವನು ಉತ್ತರಿಸಿದನು. ಆ ಉತ್ತರವನ್ನು ಲಾಕ್ ಬರೆದಿಟ್ಟಿದ್ದಾನೆ. ಬರೆಯುವಾಗ ಕೈ ನಡುಗಲಿಲ್ಲವೆಂಬುದೇ ಆಶ್ಚರ್ಯ. ಅಂದು ಓಲೈಸಲ್ಪಟ್ಟದ್ದು ಪ್ರಕೃತಿಯಾಗಿರಲಿಲ್ಲ.

ಲಾಕ್ ಈ ವಿಷಯವನ್ನು ಅದೇ ತಿಂಗಳ ಕೊನೆಯಲ್ಲಿ ಮೊದಲನೆಯ ಎಲಿಜಬೆತ್ ರಾಣಿಗೆ ತಿಳಿಸಿದನು. ರಾಣಿಯ ಕಾರ್ಯದರ್ಶಿ ಸರ್ ಫ್ರಾನ್ಸಿಸ್ ವಾಲ್ಸಿಂಗ್‌ಹ್ಯಾಮ್ ಇದು ರಸವಾದಿಗಳ ಹರಟೆಯೆಂದು ಶಂಕಿಸಿ ತನ್ನ ಕಡೆಯವರಿಂದ ಪರೀಕ್ಷೆ ಮಾಡಿಸಿದನು. ಅವರಿಗೆ ಚಿನ್ನ ಸಿಗಲಿಲ್ಲ. ಆದರೂ ಮರುಯಾನಕ್ಕೆ ಹಣ ಹರಿದುಬಂತು. ವಾಲ್ಸಿಂಗ್‌ಹ್ಯಾಮ್ ತಾನೂ ಪಾಲು ಹಾಕಿದನು. ರಾಣಿಯು ಏಡ್ ಎಂಬ 200 ಟನ್ನಿನ ತನ್ನ ಹಡಗನ್ನೇ ಕೊಟ್ಟಳು. ಕ್ಯಾಥೇ ಕಂಪೆನಿಯೆಂಬ ಹೆಸರಿನಲ್ಲಿ ಪಾಲುದಾರರು ಕೂಡಿದರು. ಈ ಕಂಪೆನಿಗೆ ರಾಜಮುದ್ರೆಯ ಸನ್ನದು ಕೊನೆಯವರೆಗೂ ದೊರೆಯಲೇ ಇಲ್ಲವೆಂಬುದು ಗಮನಾರ್ಹ. ಈಗ ಫ್ರಾಬಿಷರನಿಗೆ ಕೊಟ್ಟ ಅಪ್ಪಣೆಯೂ ಬದಲಾಗಿತ್ತು: ಅದಿರು ಮೊದಲು, ಜಲಮಾರ್ಗ ಆಮೇಲೆ.

1577ರ ಬೇಸಿಗೆಯಲ್ಲಿ, ಕೊಲ್ಲಿಯೊಳಗಿನ ಒಂದು ಪುಟ್ಟ ದ್ವೀಪದಲ್ಲಿ ನಾವಿಕರೂ ಗಣಿಗಾರರೂ ಕಲ್ಲು ಅಗೆದು ಸುಮಾರು 200 ಟನ್ ತುಂಬಿಕೊಂಡರು. ಆ ದ್ವೀಪಕ್ಕೆ ಅವರು ಪಾಲುದಾರಳಾಗಿದ್ದ ವಾರಿಕ್ ಕೌಂಟೆಸ್‌ಳ ಹೆಸರಿಟ್ಟರು. ಕಳೆದುಹೋದ ಐವರನ್ನು ಹುಡುಕುವ ನೆಪದಲ್ಲಿ ಇನುಯಿಟ್ ಜನರೊಡನೆ ಕಾದಾಟವೂ ನಡೆಯಿತು. ಬಾಣ ತಾಗಿದ ಇನುಯಿಟ್ ಪುರುಷರು ಸೆರೆಸಿಕ್ಕುವುದಕ್ಕಿಂತ ಸಮುದ್ರಕ್ಕೆ ಹಾರುವುದನ್ನೇ ಆರಿಸಿಕೊಂಡರು. ಐದಾರು ಮಂದಿ ಸತ್ತರು. ಆ ಸ್ಥಳಕ್ಕೆ ಇಂಗ್ಲಿಷರು ರಕ್ತದ ಭೂಶಿರವೆಂದೇ ಹೆಸರಿಟ್ಟರು. ಒಬ್ಬ ಪುರುಷ, ಒಬ್ಬ ಸ್ತ್ರೀ, ಅವಳ ಕೈಗೂಸು — ಈ ಮೂವರನ್ನು ಹಿಡಿದು ಬ್ರಿಸ್ಟಲ್ ಬಂದರಿಗೆ ತಂದರು.

ಪುರುಷನ ಹೆಸರು ಕಾಲಿಚೋ. ಸ್ತ್ರೀಯ ಹೆಸರು ಅರ್ನಾಕ್, ಮಗುವಿನ ಹೆಸರು ನುಟಾಕ್ ಎಂದು ದಾಖಲೆಗಳಿಂದ ತಿಳಿಯುತ್ತದೆ. ಆದರೆ ಅವರ ನುಡಿಯಲ್ಲಿ ಅರ್ನಾಕ್ ಎಂದರೆ ಹೆಂಗಸು, ನುಟಾಕ್ ಎಂದರೆ ಮಗು. ಅಂದರೆ ಆ ಇಬ್ಬರ ನಿಜನಾಮಗಳನ್ನು ಕೇಳಿ ಬರೆದುಕೊಳ್ಳುವಷ್ಟು ವ್ಯವಧಾನವೂ ಯಾರಿಗೂ ಇರಲಿಲ್ಲ. ಕಾಲಿಚೋ ತನ್ನ ದೋಣಿಯಲ್ಲಿ ಏವನ್ ನದಿಯ ಮೇಲೆ ಸಾಗಿ, ನೆರೆದ ಜನರೆದುರು ಬಾತುಕೋಳಿಗಳಿಗೆ ಈಟಿಯೆಸೆದು ತೋರಿಸಬೇಕಾಯಿತು. ಆ ವರ್ಷದ ನವೆಂಬರಿನಲ್ಲಿ ಅವನು ಸತ್ತನು. ಶವವನ್ನು ಪರೀಕ್ಷಿಸಿದ ವೈದ್ಯ ಎಡ್ವರ್ಡ್ ಡಾಡಿಂಗನಿಗೆ ಮುರಿದು ಸರಿಯಾಗಿ ಕೂಡದ ಪಕ್ಕೆಲುಬುಗಳೂ ಕೆಟ್ಟ ಶ್ವಾಸಕೋಶವೂ ಕಂಡವು. ಇಂಗ್ಲಿಷರು ನರಮಾಂಸ ತಿನ್ನುವವರಲ್ಲವೆಂದು ಮನಗಾಣಿಸಲು ಅರ್ನಾಕಳನ್ನು ಕರೆತಂದು ಹೂಳುವುದನ್ನು ತೋರಿಸಲಾಯಿತೆಂದು ಆ ವೈದ್ಯನೇ ಬರೆದಿದ್ದಾನೆ. ಕೆಲವೇ ದಿನಗಳಲ್ಲಿ ಅವಳೂ ಹೋದಳು. ಕೂಸನ್ನು ದಾದಿಯೊಬ್ಬಳ ಕೈಯಲ್ಲಿ ಲಂಡನ್ನಿಗೆ ಕಳುಹಿಸಿದರು. ರಾಣಿಗೆ ತೋರಿಸುವ ಮೊದಲೇ ಅದೂ ಸತ್ತಿತು. ಜಾನ್ ವೈಟ್ ಎಂಬ ಕಲಾವಿದ ರಚಿಸಿದ ಅವರ ವರ್ಣಚಿತ್ರಗಳು ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿವೆ. ತಾಯಿಯ ಬೆನ್ನಿನ ಮೇಲಿನ ತುಪ್ಪುಳಿನ ಟೊಪ್ಪಿಗೆಯೊಳಗಿಂದ ಮಗುವಿನ ಮುಖ ಇಣುಕುತ್ತಿದೆ.

ಇತ್ತ ಕಲ್ಲಿಗೆ ದೊರೆತ ಉಪಚಾರ ಬೇರೆಯೇ. ಬ್ರಿಸ್ಟಲ್ ಕೋಟೆಯಲ್ಲಿ ನಾಲ್ಕು ಬೀಗಗಳ ಹಿಂದೆ ಅದನ್ನಿಟ್ಟು, ನಾಲ್ಕು ಬೀಗದ ಕೈಗಳನ್ನು ನಾಲ್ವರಿಗೆ ಒಪ್ಪಿಸಲಾಯಿತು. ಉಳಿದ ಭಾಗ ಲಂಡನ್ ಗೋಪುರ ಸೇರಿತು. ಆ ನಾಡಿಗೆ ರಾಣಿಯೇ ಮೆಟಾ ಇನ್‌ಕಾಗ್ನಿಟಾ, ಅಂದರೆ ಅರಿಯದ ಮೇರೆ, ಎಂದು ಲ್ಯಾಟಿನ್ ಹೆಸರನ್ನಿತ್ತಳು.

ಚಳಿಗಾಲವಿಡೀ ಪರೀಕ್ಷೆಗಳು ನಡೆದವು. ಯೋನಾಸ್ ಶುಟ್ಸ್ ಎಂಬ ಜರ್ಮನ್ ಲೋಹಕಾರ ಟನ್ನಿಗೆ 40 ಪೌಂಡು ಬೆಲೆಯ ಲೋಹ ಬರುವುದೆಂದನು. ದೊಡ್ಡ ಕುಲುಮೆಯಲ್ಲಿ ಅದು ಬರಲಿಲ್ಲ. ಕುಲುಮೆ ಸರಿಯಿಲ್ಲ ಎಂಬುದು ಅವನ ಸಮಜಾಯಿಷಿ. ತಾಳ್ಮೆಗೆಟ್ಟ ಫ್ರಾಬಿಷರ್ ಕುಲುಮೆಯ ಬಳಿ ದುಡಿಯುತ್ತಿದ್ದ ಶುಟ್ಸ್‌ನ ಮೇಲೆ ಕಠಾರಿಯನ್ನೇ ಎತ್ತಿದನಂತೆ. ಬುರ್ಖಾರ್ಡ್ ಕ್ರಾನಿಖ್ ಎಂಬ ಇನ್ನೊಬ್ಬ ಜರ್ಮನ್ ಇನ್ನೂ ಹೆಚ್ಚಿನ ಅಂಕಿ ಹೇಳಿದನು. ಅವನು ಬೆರೆಸಿದ ಪದಾರ್ಥದಲ್ಲಿಯೇ ಬೆಳ್ಳಿಯಿತ್ತೆಂಬ ಆಪಾದನೆ ಆಮೇಲೆ ಬಂತು. ಕಡೆಗೆ ಶುಟ್ಸ್ ಟನ್ನಿಗೆ 23 ಪೌಂಡು 15 ಷಿಲ್ಲಿಂಗ್ ಎಂದು ಇಳಿದು ನಿಂತನು. ಸುಳ್ಳಾದ ಅಂದಾಜಿಗೆ ಷಿಲ್ಲಿಂಗ್‌ಗಳ ಬಾಲವಿದ್ದರೆ ಅದಕ್ಕೊಂದು ಪ್ರಾಮಾಣಿಕತೆಯ ಕಳೆ ಬರುತ್ತದೆ. ಆಯವ್ಯಯ ಪತ್ರಗಳನ್ನು ಓದಿ ಬಲ್ಲವರಿಗೆ ಇದು ಹೊಸ ವಿಷಯವಲ್ಲ.

ಈ ಪರೀಕ್ಷೆಯ ಕ್ರಮವನ್ನು ಸ್ವಲ್ಪ ತಿಳಿದರೆ ತಪ್ಪು ಎಲ್ಲಿ ಹೊಕ್ಕಿತೆಂಬುದು ಸ್ಪಷ್ಟವಾಗುತ್ತದೆ. ಕಲ್ಲನ್ನು ಪುಡಿಮಾಡಿ ಸೀಸದೊಡನೆ ಕರಗಿಸುತ್ತಾರೆ. ಕಲ್ಲಿನಲ್ಲಿ ಚಿನ್ನಬೆಳ್ಳಿಗಳಿದ್ದರೆ ಸೀಸ ಅವನ್ನು ತನ್ನೊಳಗೆ ಸೆಳೆದುಕೊಳ್ಳುತ್ತದೆ. ಆ ಸೀಸವನ್ನು ಮೂಳೆಯ ಬೂದಿಯಿಂದ ಮಾಡಿದ ಬಟ್ಟಲಲ್ಲಿಟ್ಟು ಕಾಯಿಸಿದಾಗ ಸೀಸ ಬೂದಿಯಲ್ಲಿ ಇಂಗಿ, ಬೆಲೆಯುಳ್ಳ ಲೋಹದ ಮಣಿ ಮಾತ್ರ ಉಳಿಯುತ್ತದೆ. ಆದರೆ ಗಣಿಯ ಸೀಸದಲ್ಲಿ ಸಹಜವಾಗಿಯೇ ಅಲ್ಪಸ್ವಲ್ಪ ಬೆಳ್ಳಿ ಇರುವುದುಂಟು. ಹಾಗಿದ್ದರೆ ಮಣ್ಣುಹೆಂಟೆಯನ್ನು ಪರೀಕ್ಷಿಸಿದರೂ ಮಣಿ ಉಳಿಯುತ್ತದೆ. ಆದುದರಿಂದ ಬೆಳ್ಳಿಯಿಲ್ಲದ ಸೀಸವನ್ನೇ ಬಳಸಬೇಕೆಂದು ಅಗ್ರಿಕೋಲ ತನ್ನ 1556ರ ಗ್ರಂಥದಲ್ಲಿ ವಿಧಿಸಿದ್ದನು. 1574ರಲ್ಲಿ ಬರೆದ ಲಾಜರಸ್ ಎರ್ಕರನು ಸೀಸವನ್ನೇ ಮೊದಲು ಪ್ರತ್ಯೇಕವಾಗಿ ಪರೀಕ್ಷಿಸಬೇಕೆಂದನು. ನಿಯಮ ಗ್ರಂಥದಲ್ಲಿತ್ತು. ತಕ್ಕಡಿಯ ಬರಿದಾದ ತಟ್ಟೆಯನ್ನು ಮೊದಲು ನೋಡಬೇಕೆಂಬುದು ಹಳ್ಳಿಯ ಕಿರಾಣಿ ಅಂಗಡಿಯವನಿಗೂ ಗೊತ್ತಿರುವ ಮಾತು. ಆದರೆ ಪರೀಕ್ಷಕರಿಗೆ ಸಂಬಳ ಬರುತ್ತಿದ್ದುದು ಚಿನ್ನ ಬರುತ್ತದೆಂಬ ಆಸೆ ಉಳಿದಿರುವವರೆಗೆ ಮಾತ್ರ. ಅವರೆಲ್ಲರೂ ಬೇಕೆಂದೇ ವಂಚಿಸಿದರೆನ್ನುವುದಕ್ಕಿಂತ, ಒಪ್ಪಿಗೆಯಾಗುವ ಉತ್ತರದ ಕಡೆಗೆ ಅವರ ಕೈ ತಾನಾಗಿ ವಾಲಿತೆನ್ನುವುದು ಸತ್ಯಕ್ಕೆ ಸಮೀಪ.

1578ರ ಮೇ ತಿಂಗಳ ಕೊನೆಯಲ್ಲಿ ಹದಿನೈದು ಹಡಗುಗಳು ಸುಮಾರು 400 ಮಂದಿಯೊಡನೆ ಹೊರಟವು. ಆರ್ಕ್‌ಟಿಕ್ ಪ್ರದೇಶಕ್ಕೆ ಅಷ್ಟು ದೊಡ್ಡ ನೌಕಾಸಮೂಹ ಅದುವರೆಗೆ ಹೋದದ್ದಿಲ್ಲ. ನೂರು ಮಂದಿಯನ್ನು ಚಳಿಗಾಲ ಕಳೆಯಲು ಅಲ್ಲಿಯೇ ಬಿಡಬೇಕೆಂಬ ಯೋಜನೆಯೂ ಇತ್ತು. ಅವರಿಗಾಗಿ ಬಿಡಿಭಾಗಗಳಲ್ಲಿ ಸಿದ್ಧಪಡಿಸಿದ್ದ ಮರದ ಮನೆಯ ಒಂದು ಭಾಗ, ಹಿಮಗಡ್ಡೆ ಬಡಿದ ಹಡಗಿನೊಡನೆ ಮುಳುಗಿದ್ದರಿಂದ ಆ ಯೋಜನೆ ಕೈಬಿಟ್ಟುಹೋಯಿತು. ದೈವವಶಾತ್ ಬದುಕಿದರೆನ್ನಬೇಕು. ಹೊರಡುವ ಮುನ್ನ ಅವರು ಸುಣ್ಣಗಾರೆಯ ಒಂದು ಚಿಕ್ಕ ಕಲ್ಲುಮನೆ ಕಟ್ಟಿ, ಸ್ಥಳೀಯರಿಗಾಗಿ ಕೆಲವು ಆಟಿಕೆಗಳನ್ನೂ ಒಲೆಯಲ್ಲಿ ಬೇಯಿಸಿದ ರೊಟ್ಟಿಯನ್ನೂ ಅದರಲ್ಲಿಟ್ಟು ಬಂದರು. ಇಂಗ್ಲೆಂಡಿಗೆ ತಂದ ಕಲ್ಲು 1,100 ಟನ್ನಿಗೂ ಹೆಚ್ಚು. ಒಂದು ಹಡಗು ಐರ್ಲೆಂಡಿನ ಸ್ಮೆರ್ವಿಕ್ ಬಂದರಿನಲ್ಲಿ ನೆಲಕಚ್ಚಿ ಅದರ ಸರಕು ಅಲ್ಲಿಯೇ ಉಳಿಯಿತು. ಮಿಕ್ಕುದು ಕೆಂಟ್ ಸೀಮೆಯ ಡಾರ್ಟ್‌ಫರ್ಡ್‌ನಲ್ಲಿ, ನದಿಯ ದಡದಲ್ಲಿ ಇದಕ್ಕೆಂದೇ ಕಟ್ಟಿದ ಕುಲುಮೆಗಳಿಗೆ ಹೋಯಿತು.

ಹಡಗುಗಳ ಬಾಡಿಗೆ, ನಾವಿಕರ ಸಂಬಳ, ಕುಲುಮೆಯ ವೆಚ್ಚ ಎಲ್ಲವೂ ಒಟ್ಟಿಗೆ ಬಾಗಿಲು ತಟ್ಟಿದವು. ಲೋಹ ಮಾತ್ರ ಬರಲಿಲ್ಲ. ಪಾಲುದಾರರ ಮೇಲೆ ಮೇಲಿಂದ ಮೇಲೆ ಹೆಚ್ಚುವರಿ ವಂತಿಗೆ ಹೇರಲಾಯಿತು. ದೊಡ್ಡ ದೊಡ್ಡ ಹೆಸರಿನವರೇ ಕೊಡದೆ ಉಳಿದರು. ಒಟ್ಟು ತೊಡಗಿದ ಬಂಡವಾಳ 20,000 ಪೌಂಡಿಗೂ ಮಿಕ್ಕಿತ್ತು. ಅದರಲ್ಲಿ ರಾಣಿಯದು 4,000. ಆಕ್ಸ್‌ಫರ್ಡ್ ಅರ್ಲನದು 3,000. ಈ ಅರ್ಲನ ಪಾಲಿನ ಹೆಚ್ಚಿನ ಭಾಗವನ್ನು ಮಾರಿದವನು ಲಾಕ್. ಆದುದರಿಂದ, 1578ರ ನವೆಂಬರಿನಲ್ಲಿ ಫ್ರಾಬಿಷರ್ ಅವನ ಮನೆಗೇ ನುಗ್ಗಿ, ಸುಳ್ಳು ಲೆಕ್ಕ ಬರೆದವನೆಂದೂ ಅರ್ಲನಿಗೆ ಮೋಸ ಮಾಡಿದವನೆಂದೂ ಎಲ್ಲರ ಮುಂದೆ ಜರೆದಾಗ ಅದನ್ನು ನಂಬಲು ಜನ ಸಿದ್ಧರಾಗಿದ್ದರು. ಲೆಕ್ಕ ತಪಾಸಣೆ ನಡೆಯಿತು. ಲಾಕ್ ಕಳವು ಮಾಡಿದ್ದನೆಂದು ಅದರಿಂದ ಸಿದ್ಧವಾಗಲಿಲ್ಲ. ಆದರೆ ಕಂಪೆನಿಗೆ ಸನ್ನದಿಲ್ಲದುದರಿಂದ ಸಾಲಪತ್ರಗಳ ಮೇಲಿದ್ದುದು ಅವನ ಹೆಸರು. 1581ರಲ್ಲಿ ಅವನು ಫ್ಲೀಟ್ ಸೆರೆಮನೆಯಿಂದ ಬರೆದ ಅರ್ಜಿಯಲ್ಲಿ ತನ್ನ ಹದಿನೈದು ಮಂದಿ ಮಕ್ಕಳ ಹಸಿವನ್ನು ನೆನೆದಿದ್ದಾನೆ. ಆ ಹಡಗುಗಳಿಗೆ ಒದಗಿಸಿದ ಸಾಮಗ್ರಿಯ ಬಾಕಿಗಾಗಿ 1614–15ರಲ್ಲಿ ಸಹ, ಎಂಬತ್ತು ದಾಟಿದ ಮುದುಕನ ಮೇಲೆ, ದಾವೆ ನಡೆಯುತ್ತಲೇ ಇತ್ತು. ಫ್ರಾಬಿಷರ್ ಮಾತ್ರ ಕೆಡಲಿಲ್ಲ. 1588ರಲ್ಲಿ ಸ್ಪೇನಿನ ನೌಕಾಪಡೆಯ ಎದುರು ಹೋರಾಡಿ ಸರ್ ಪದವಿಯನ್ನು ಗಳಿಸಿದನು.

1583ರಲ್ಲಿ ವಿಲಿಯಂ ವಿಲಿಯಮ್ಸ್ ಎಂಬ ಪರೀಕ್ಷಕ ಈ ಅದಿರಿನ ಕೊನೆಯ ಪರೀಕ್ಷೆ ಮಾಡಿದನು. ಅವನಿಗೆ ದೊರೆತದ್ದು ಗುಂಡುಸೂಜಿಯ ತಲೆಯಷ್ಟರ ಎರಡು ಬೆಳ್ಳಿಯ ಕಣಗಳು. ಅವನ್ನು ಅರಗಿನಿಂದ ತನ್ನ ವರದಿಯ ಕಾಗದಕ್ಕೇ ಅಂಟಿಸಿ ಸರಕಾರಕ್ಕೆ ಕಳುಹಿಸಿದನು. ಮೂರು ಯಾನಗಳ ಆದಾಯವೆಲ್ಲ ಒಂದು ಕಾಗದದ ಮೂಲೆಯಲ್ಲಿ ಹಿಡಿಯಿತು.

ಕಲ್ಲನ್ನು ರಸ್ತೆಗಳಿಗೆ ಹಾಕಿದರು. ಡಾರ್ಟ್‌ಫರ್ಡ್‌ನ ಹಳೆಯ ರಾಜನಿವಾಸದ ಸುತ್ತುಗೋಡೆಯಲ್ಲಿ ಆ ಕಪ್ಪು ತುಂಡುಗಳನ್ನು ಈಗಲೂ ಗುರುತಿಸಬಹುದು. ಇಪ್ಪತ್ತನೆಯ ಶತಮಾನದ ಕೊನೆಯ ದಶಕಗಳಲ್ಲಿ ಕೆನಡದ ಭೂವಿಜ್ಞಾನಿಗಳು ದ್ವೀಪದ ಗುಂಡಿಗಳ ಮತ್ತು ಡಾರ್ಟ್‌ಫರ್ಡ್ ಗೋಡೆಯ ಕಲ್ಲುಗಳನ್ನು ಆಧುನಿಕ ಉಪಕರಣಗಳಿಂದ ಪರೀಕ್ಷಿಸಿದರು. ಅವು ಹಾರ್ನ್‌ಬ್ಲೆಂಡ್ ಎಂಬ ಕಪ್ಪು ಖನಿಜ ಹೇರಳವಾಗಿರುವ ಸಾಮಾನ್ಯ ಶಿಲೆಗಳು, ಹೊಳಪು ಅಭ್ರಕದ್ದು. ಅದರಲ್ಲಿರುವ ಚಿನ್ನದ ಪ್ರಮಾಣ ದಾರಿಬದಿಯ ಯಾವುದೇ ಬಂಡೆಯಲ್ಲಿರುವಷ್ಟೇ.

ಆ ಐವರು ನಾವಿಕರ ವಿಷಯ ಉಳಿಯಿತು. 1861ರಲ್ಲಿ ಚಾರ್ಲ್ಸ್ ಫ್ರಾನ್ಸಿಸ್ ಹಾಲ್ ಎಂಬ ಅಮೆರಿಕದ ಅನ್ವೇಷಕ ಅದೇ ಕೊಲ್ಲಿಗೆ ಹೋದನು. ಅದು ಜಲಸಂಧಿಯಲ್ಲ, ಮುಚ್ಚಿದ ಕೊಲ್ಲಿಯೆಂಬುದು ಹೊರಜಗತ್ತಿಗೆ ತಿಳಿದದ್ದು ಅವನಿಂದಲೇ. ಅಲ್ಲಿ ಊಕಿಜಾಕ್ಸಿ ನಿನೂ ಎಂಬ ಅತಿವೃದ್ಧೆ ಅವನಿಗೊಂದು ಹಿಂದಿನ ಕಾಲದ ವೃತ್ತಾಂತವನ್ನು ಹೇಳಿದಳು: ಬಿಳಿಯರು ಮೊದಲು ಎರಡು ಹಡಗುಗಳಲ್ಲಿ, ಆಮೇಲೆ ಮೂರರಲ್ಲಿ, ಆಮೇಲೆ ಬಹಳ ಹಡಗುಗಳಲ್ಲಿ ಬಂದರು. ಇಂಗ್ಲೆಂಡಿನ ಗ್ರಂಥಗಳನ್ನು ಕಣ್ಣಿನಿಂದಲೂ ಕಾಣದ ಜನ ಮುನ್ನೂರು ವರ್ಷಗಳ ಹತ್ತಿರ ಬಾಯಿಂದ ಬಾಯಿಗೆ ಕಾಪಾಡಿದ ಲೆಕ್ಕವಿದು. ಕಂಪೆನಿಯ ಪುಸ್ತಕಗಳಿಗೆ ಇದು ತಾಳೆಯಾಗುತ್ತದೆ. ಆ ದ್ವೀಪವನ್ನು ಇನುಯಿಟ್ ಜನ ಬಿಳಿಯರ ದ್ವೀಪವೆಂಬ ಅರ್ಥದ ಕೋಡ್ಲುನಾರ್ನ್ ಎಂಬ ಹೆಸರಿನಿಂದ ಕರೆಯುತ್ತಿದ್ದರು. ಅಗೆದ ಗುಂಡಿಗಳೂ ಸುಣ್ಣಗಾರೆಯ ಮನೆಯ ಅಡಿಪಾಯವೂ ಹಂಚಿನ ಚೂರುಗಳೂ ಇದ್ದಿಲೂ ಅಲ್ಲಿ ಹಾಲ್‌ಗೆ ಸಿಕ್ಕವು.

ವೃತ್ತಾಂತದಲ್ಲಿ ಇನ್ನೂ ಒಂದು ಭಾಗವಿತ್ತು. ಹಡಗುಗಳು ಹೋದ ಮೇಲೆ ಐವರು ಬಿಳಿಯರು ಅಲ್ಲಿಯೇ ಉಳಿದಿದ್ದರು. ಅವರು ಇನುಯಿಟ್ ಜನರ ನಡುವೆ ಚಳಿಗಾಲ ಕಳೆದು, ಆ ದ್ವೀಪದ ಗುಂಡಿಯೊಂದರಲ್ಲಿ ಮರದಿಂದ ದೋಣಿ ಕಟ್ಟಿಕೊಂಡು, ಊರಿಗೆ ಹೊರಟರು. ಕಾಲ ಇನ್ನೂ ಪಕ್ವವಾಗಿರಲಿಲ್ಲ, ಹಿಮ ಬಿಡಲಿಲ್ಲ. ಕೈಗಳು ಮರಗಟ್ಟಿ ಅವರು ಹಿಂದಿರುಗಿದರು. ಮತ್ತೊಮ್ಮೆ ಹೊರಟರು. ಅವರಿಗೆ ಅನುಕೂಲವಾದ ಗಾಳಿ ಬೀಸಲೆಂದು ಆ ಜನರ ಹಿರಿಯನೊಬ್ಬನು ಹಾಡು ಕಟ್ಟಿ ಹಾಡಿದನೆಂದು ಮುದುಕಿ ಹೇಳಿದಳು.